ಪಂಜೆ ಮಂಗೇಶರಾಯರು

ಕವಿಶಿಷ್ಯರೆಂಬ ಹೆಸರಿನಿಂದ ಮಕ್ಕಳ ಪದ್ಯಗಳನ್ನು ಬರೆದು ಕನ್ನಡಿಗರಿಗೆ ಪ್ರಿಯರಾದ ಪಂಜೆ ಮಂಗೇಶರಾಯರು 1874ರಲ್ಲಿ ಬಂಟವಾಳದಲ್ಲಿ ಜನಿಸಿದರು. ಉಪಾಧ್ಯಾಯರಾಗಿಯೂ ಶಾಲಾ ಇನ್‌ಸ್ಪೆಕ್ಟರರಾಗಿಯೂ ಸರಕಾರದ ಸೇವೆಯಲ್ಲಿದ್ದ ಇವರು, ತುಳುವರ ಪಾಡ್ದನದಲ್ಲಿದ್ದ ಕೋಟಿ ಚೆನ್ನಯರ ಕಥೆಯನ್ನು ಕನ್ನಡ ಗದ್ಯಕ್ಕೆ ತಂದರು. ಗದ್ದೆಯ ನೀರಿನ ಜಗಳದಲ್ಲಿ ಬಲ್ಲಾಳನ ಮಂತ್ರಿಯನ್ನು ಕೊಂದು ಪಡುಮಲೆಯನ್ನು ತೊರೆದ ಆ ಅವಳಿ ಸೋದರರು, ಆಶ್ರಯವಿತ್ತ ಎಣ್ಮೂರಿಗಾಗಿ ಕಾದಿ ಮಡಿದರು. ಕೊಲೆಗೈದ ಕೈಯೇ ಅನ್ನದ ಋಣವನ್ನು ಪ್ರಾಣವಿತ್ತು ತೀರಿಸಿತು. ಅವರು ಅಪರಾಧಿಗಳೋ ವೀರರೋ ಎಂಬ ಪ್ರಶ್ನೆಗೆ ನ್ಯಾಯಸ್ಥಾನದ ಉತ್ತರವೊಂದು, ಗರಡಿಗಳಲ್ಲಿ ಅವರನ್ನು ಪೂಜಿಸುವ ಜನರ ಉತ್ತರ ಮತ್ತೊಂದು. 1934ರಲ್ಲಿ ರಾಯಚೂರಿನ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರಾಗಿದ್ದ ರಾಯರು 1937ರಲ್ಲಿ ಕಾಲವಾದರು. ಅಧಿಕಾರದಲ್ಲಿದ್ದೂ ಜನರ ಉತ್ತರವನ್ನು ಅವರು ಕಡೆಗಣಿಸಲಿಲ್ಲ. ಇದನ್ನೇ ನಾವು ಅವರ ದೊಡ್ಡ ನಾಡಸೇವೆಯೆಂದು ಭಾವಿಸುತ್ತೇವೆ.