ಇಂದಿನ ಧಮ್ಮ ಚಿಂತನೆ: ಚೌಕಟ್ಟಿಗೆ ಸಿಗದ ಭೀಮರಾವ್





ಬಾಬಾಸಾಹೇಬರ ಜೀವನವನ್ನು ನಾವು ಜಯಂತಿಯ ಭಾಷಣಗಳಲ್ಲಿ ಕೇಳಿದ್ದೇವೆ, ಭೀಮಗೀತೆಗಳಲ್ಲಿ ಹಾಡಿದ್ದೇವೆ, ದಪ್ಪ ಸಂಪುಟಗಳಲ್ಲಿ ಓದಿದ್ದೇವೆ. ಇವತ್ತು ಅದೇ ಜೀವನವನ್ನು ಚಿತ್ರಗಳ ಮೂಲಕ ನೋಡೋಣ. ಮಕ್ಕಳ ಕೈಗೆ ಯಾವ ಪುಸ್ತಕ ಕೊಡಬೇಕು ಎಂದು ನಮ್ಮ ಬಳಗದ ತಾಯಂದಿರು ಮೇಲಿಂದ ಮೇಲೆ ಕೇಳುತ್ತಾರೆ. ಶಾಲಾ ಮಾಸ್ತರನಾಗಿ ನಾನು ಮೊದಲು ಹೇಳುವ ಹೆಸರು ‘ಭೀಮಾಯಣ’. 2011ರಲ್ಲಿ ನವಯಾನ ಪ್ರಕಾಶನ ತಂದ ಚಿತ್ರಕಾದಂಬರಿ ಇದು. ಕಥೆ ಬರೆದವರು ಶ್ರೀವಿದ್ಯಾ ನಟರಾಜನ್ ಮತ್ತು ಎಸ್. ಆನಂದ್. ಚಿತ್ರ ಬರೆದವರು ಮಧ್ಯಪ್ರದೇಶದ ಪರಧಾನ ಗೊಂಡ ಆದಿವಾಸಿ ದಂಪತಿ ದುರ್ಗಾಬಾಯಿ ವ್ಯಾಮ್ ಮತ್ತು ಸುಭಾಷ್ ವ್ಯಾಮ್.

ಸಾಮಾನ್ಯ ಕಾಮಿಕ್ಸಿನಲ್ಲಿ ಪ್ರತಿ ಪುಟವೂ ಚೌಕ ಚೌಕವಾಗಿರುತ್ತದೆ. ಒಂದೊಂದು ಚೌಕದಲ್ಲಿ ಒಂದೊಂದು ಘಟನೆ. ಈ ಕಲಾವಿದರು ಅದನ್ನು ಒಪ್ಪಲಿಲ್ಲ. ಮನುಷ್ಯರನ್ನು ಪೆಟ್ಟಿಗೆಯೊಳಗೆ ತುಂಬುವುದು ಅವರಿಗೆ ಬೇಡವಾಗಿತ್ತು. ತಮ್ಮ ಮನೆಯ ನೆಲ ಗೋಡೆಗಳ ಮೇಲೆ ಬರೆಯುವ ದಿಗ್ನಾ ಎಂಬ ರಂಗವಲ್ಲಿಯಂಥ ಬಳ್ಳಿಯನ್ನೇ ಪುಟದ ತುಂಬ ಹರಿಸಿ, ಅದರ ಮಧ್ಯೆ ಕಥೆ ಹೇಳಿದರು. ರೈಲು ಹಾವಾಗಿದೆ, ಕೋಟೆ ಕ್ರೂರ ಮೃಗವಾಗಿದೆ. ಮೆದು ಮಾತಿನ ಗುಳ್ಳೆ ಹಕ್ಕಿಯ ಆಕಾರದಲ್ಲಿದೆ, ಜಾತಿಯ ವಿಷವುಳ್ಳ ಮಾತಿನ ಗುಳ್ಳೆಗೆ ಚೇಳಿನ ಕೊಂಡಿ ಇದೆ. ಮನಸ್ಸಿನೊಳಗಿನ ಮಾತಿಗೆ ಒಂದು ಕಣ್ಣು ಬರೆದಿದ್ದಾರೆ. ಅಕ್ಷರ ಬಾರದ ಮಗುವಿಗೂ ಯಾರ ಬಾಯಲ್ಲಿ ಚೇಳಿದೆ ಎಂದು ಗೊತ್ತಾಗುತ್ತದೆ.

ಪುಸ್ತಕದ ಮೂರು ಭಾಗಗಳು ಮೂರು ಸಾದಾ ಸಂಗತಿಗಳ ಮೇಲೆ ನಿಂತಿವೆ: ನೀರು, ನೆರಳು, ಪ್ರಯಾಣ. ಬಾಬಾಸಾಹೇಬರು ತಮ್ಮ ಅನುಭವಗಳನ್ನು ತಾವೇ ಬರೆದಿಟ್ಟ ‘ವೇಟಿಂಗ್ ಫಾರ್ ಎ ವೀಸಾ’ ಎಂಬ ಚಿಕ್ಕ ಬರಹವೇ ಇದಕ್ಕೆ ಆಧಾರ.

*ನೀರು*

1891ರ ಏಪ್ರಿಲ್ 14ರಂದು ಮಹೂ ದಂಡಿನ ಊರಿನಲ್ಲಿ ಸುಬೇದಾರ ರಾಮಜಿ ಸಕ್ಪಾಲ ಮತ್ತು ಭೀಮಾಬಾಯಿಯವರ ಹದಿನಾಲ್ಕನೆಯ ಮಗುವಾಗಿ ಭೀಮ ಹುಟ್ಟಿದ. ತಾಯಿ ಬೇಗ ತೀರಿಕೊಂಡರು. ಸಾತಾರಾದ ಶಾಲೆಯಲ್ಲಿ ಅವನು ಮನೆಯಿಂದ ತಂದ ಗೋಣಿತಟ್ಟಿನ ಮೇಲೆ ಬೇರೆ ಕೂರಬೇಕಾಗಿತ್ತು. ನಲ್ಲಿ ಮುಟ್ಟುವಂತಿರಲಿಲ್ಲ. ಜವಾನ ಬಂದು ತಿರುಗಿಸಿದರೆ ನೀರು, ಜವಾನ ರಜೆ ಹಾಕಿದರೆ ಅವತ್ತು ಬಾಯಾರಿಕೆ. ತಲೆಗೂದಲು ತೆಗೆಯಲು ಕ್ಷೌರಿಕ ಒಪ್ಪುತ್ತಿರಲಿಲ್ಲ, ಮನೆಯಲ್ಲಿ ಅಕ್ಕನೇ ಆ ಕೆಲಸ ಮಾಡುತ್ತಿದ್ದಳು.

1901ರಲ್ಲಿ ತಂದೆ ಗೋರೆಗಾಂವದಲ್ಲಿ ನೌಕರಿಯಲ್ಲಿದ್ದರು. ರಜೆಗೆ ಬರಲು ಕರೆದಿದ್ದರು. ಭೀಮ, ಅಣ್ಣ ಮತ್ತು ಅಕ್ಕನ ಮಕ್ಕಳು ಹೊಸ ಅಂಗಿ, ಜರಿ ಟೋಪಿ, ಹೊಸ ಬೂಟು ಹಾಕಿಕೊಂಡು ರೈಲು ಹತ್ತಿದರು. ಮಸೂರು ಸ್ಟೇಷನ್ನಿನಲ್ಲಿ ಇಳಿದಾಗ ಕರೆದೊಯ್ಯಲು ಯಾರೂ ಬಂದಿರಲಿಲ್ಲ. ಬಂದ ಪತ್ರವನ್ನು ತಂದೆಗೆ ಮುಟ್ಟಿಸಲು ಅಲ್ಲಿಯ ಆಳು ಮರೆತಿದ್ದ. ಚೆಂದದ ಬಟ್ಟೆ ನೋಡಿ ಸ್ಟೇಷನ್ ಮಾಸ್ತರ ಪ್ರೀತಿಯಿಂದ ವಿಚಾರಿಸಿದ. ಮಹಾರರ ಮಕ್ಕಳು ಎಂದು ತಿಳಿದ ಕೂಡಲೇ ಹಿಂದೆ ಸರಿದ. ಬಂಡಿಯವರು ಯಾರೂ ಒಪ್ಪಲಿಲ್ಲ. ಕೊನೆಗೆ ಎರಡು ಪಟ್ಟು ಬಾಡಿಗೆಗೆ ಒಬ್ಬ ಒಪ್ಪಿದ. ಬಂಡಿ ಹೊಡೆಯುವುದು ಮಕ್ಕಳು, ಬಂಡಿಯವನು ಪಕ್ಕದಲ್ಲಿ ನಡೆಯುವುದು ಎಂಬ ಕರಾರು. ಬುತ್ತಿ ಇತ್ತು, ನೀರಿರಲಿಲ್ಲ. ಸುಂಕದ ಕಟ್ಟೆಯಲ್ಲಿ ಬೇರೆ ಜಾತಿ ಹೇಳಿ ಕೇಳಿದರೂ ಒಂದು ಗುಟುಕು ಸಿಗಲಿಲ್ಲ. ರಾತ್ರಿ ಉಪವಾಸ ಮಲಗಿದರು. ಆ ಹುಡುಗನಿಗೆ ಆಗ ಒಂಬತ್ತು ವರ್ಷ.

ಈ ಪುಟಗಳನ್ನು ನಾನು ಏಳನೇ ತರಗತಿಯಲ್ಲಿ ತೋರಿಸುತ್ತಾ ಕಥೆಯನ್ನು ಕನ್ನಡದಲ್ಲಿ ಹೇಳಿದೆ. ಒಬ್ಬ ಹುಡುಗಿ ಕೇಳಿದಳು: ಅವರ ಹತ್ತಿರ ರೊಕ್ಕ ಇತ್ತಲ್ಲ ಸರ್, ಹೊಸ ಬಟ್ಟೆ ಇತ್ತಲ್ಲ, ಮತ್ತೆ ಯಾಕೆ ನೀರು ಕೊಡಲಿಲ್ಲ? ದಾರಿದ್ರ್ಯವೇ ನಮ್ಮ ಒಂದೇ ಕಷ್ಟ ಎಂದು ವಾದಿಸುವ ದೊಡ್ಡವರಿಗೆ ಆ ಪ್ರಶ್ನೆಯಲ್ಲೇ ಉತ್ತರವಿದೆ. ನಮ್ಮ ಅಜ್ಜಿಯ ಕಾಲದಲ್ಲಿ ಬಾವಿಯ ಪಕ್ಕ ಕೊಡ ಇಟ್ಟುಕೊಂಡು, ಯಾರಾದರೂ ಮೇಲಿನಿಂದ ಹೊಯ್ಯಲಿ ಎಂದು ಕಾಯುತ್ತಿದ್ದರು. ಅಜ್ಜಿ ಆ ಮಾತು ಹೇಳುವಾಗ ಬಾಯಾರಿಕೆಗಿಂತ ಕಾಯುವುದನ್ನೇ ಹೆಚ್ಚು ಹೇಳುತ್ತಿದ್ದಳು.

ಗೋರೆಗಾಂವದ ದಾರಿಯಲ್ಲಿ ಬಾಯಾರಿದ ಆ ಹುಡುಗನೇ 1927ರ ಮಾರ್ಚ್ 20ರಂದು ಸಾವಿರಾರು ಜನರ ಮುಂದೆ ನಡೆದು ಮಹಾಡಿನ ಚವದಾರ ಕೆರೆಯ ನೀರನ್ನು ಬೊಗಸೆಯಲ್ಲಿ ತೆಗೆದು ಕುಡಿದ. ನಡುವೆ ಇಪ್ಪತ್ತಾರು ವರ್ಷಗಳ ಓದು ಇತ್ತು.

*ನೆರಳು*

ಬಡೋದೆಯ ಸಯಾಜಿರಾವ್ ಗಾಯಕವಾಡರ ವಿದ್ಯಾರ್ಥಿವೇತನದಿಂದ 1913ರಲ್ಲಿ ಭೀಮರಾವ್ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯಕ್ಕೆ ಹೋದರು. ಅಲ್ಲಿಂದ ಲಂಡನ್ನಿಗೆ. 1917ರಲ್ಲಿ ಕರಾರಿನಂತೆ ಬಡೋದೆಯ ನೌಕರಿಗೆ ಬಂದಾಗ ಇರಲು ಒಂದು ಕೋಣೆ ಸಿಗಲಿಲ್ಲ. ಹೊರದೇಶದ ವರ್ಷಗಳಲ್ಲಿ ಮರೆತೇಹೋಗಿದ್ದ ಅಸ್ಪೃಶ್ಯತೆ ಸ್ಟೇಷನ್ನಿನಲ್ಲೇ ಕಾದು ನಿಂತಿತ್ತು. ಪಾರ್ಸಿ ವಸತಿಗೃಹದಲ್ಲಿ ಪಾರ್ಸಿ ಹೆಸರು ಬರೆಸಿ, ಹಳೆಯ ಸಾಮಾನು ತುಂಬಿದ ಕತ್ತಲ ಮಹಡಿಯಲ್ಲಿ ಒಬ್ಬರೇ ಇದ್ದರು. ಹನ್ನೊಂದನೆಯ ದಿನ ಹತ್ತು ಹನ್ನೆರಡು ಜನ ಬಡಿಗೆ ಹಿಡಿದು ಬಂದು ಸಂಜೆಯೊಳಗೆ ಜಾಗ ಖಾಲಿ ಮಾಡಬೇಕೆಂದರು. ಗೆಳೆಯರ ಮನೆಗಳಲ್ಲೂ ಜಾಗವಿರಲಿಲ್ಲ. ಕಾಮಾಠಿ ಬಾಗ್ ತೋಟದಲ್ಲಿ ಗಂಟೆಗಟ್ಟಲೆ ಕೂತು, ಅತ್ತು, ರಾತ್ರಿಯ ರೈಲಿಗೆ ಮುಂಬಯಿಗೆ ಮರಳಿದರು. ಅವತ್ತು ಊರಿನಲ್ಲಿ ಅವರಷ್ಟು ಓದಿದವರು ಬೆರಳೆಣಿಕೆ. ಆದರೂ ತಲೆಯ ಮೇಲೆ ಇದ್ದದ್ದು ತೋಟದ ಮರದ ನೆರಳು ಮಾತ್ರ.

*ಪ್ರಯಾಣ*

1929ರಲ್ಲಿ ಚಾಳಿಸಗಾಂವಕ್ಕೆ ಬಂದಾಗ ನಮ್ಮವರು ಅವರನ್ನು ಕೇರಿಗೆ ಕರೆದೊಯ್ಯಬೇಕಿತ್ತು. ಟಾಂಗಾದವರು ಅಸ್ಪೃಶ್ಯನನ್ನು ಕೂರಿಸಿ ಹೊಡೆಯಲು ಒಪ್ಪಲಿಲ್ಲ, ಟಾಂಗಾ ಬಾಡಿಗೆಗೆ ಮಾತ್ರ ಕೊಟ್ಟರು. ಅತಿಥಿ ನಡೆದು ಬರುವುದು ಮರ್ಯಾದೆಯಲ್ಲ ಎಂದು, ಹೊಡೆದು ಗೊತ್ತಿಲ್ಲದ ನಮ್ಮವನೊಬ್ಬ ಲಗಾಮು ಹಿಡಿದ. ಸೇತುವೆಯ ಮೇಲೆ ಚಕ್ರ ಸಿಕ್ಕಿ ಬಾಬಾಸಾಹೇಬರು ಕಲ್ಲಿನ ಮೇಲೆ ಬಿದ್ದರು. ಕಾಲಿನ ಎಲುಬು ಮುರಿಯಿತು. ಜನರ ಪ್ರೀತಿಯೇ ಪೆಟ್ಟಾಗುವಂತೆ ಜಾತಿ ಮಾಡಿತ್ತು.

1934ರಲ್ಲಿ ಸುಮಾರು ಮೂವತ್ತು ಜನರೊಡನೆ ದೌಲತಾಬಾದ್ ಕೋಟೆ ನೋಡಲು ಹೋದರು. ಬಾಗಿಲ ಬಳಿಯ ಹೊಂಡದಲ್ಲಿ ಕೈಕಾಲು ಮುಖ ತೊಳೆದರು. ನೀರು ಮೈಲಿಗೆಯಾಯಿತೆಂದು ಅಲ್ಲಿಯ ಮುಸ್ಲಿಮರು ಸುತ್ತುಗಟ್ಟಿದರು. ಕೊನೆಗೆ ನೀರು ಮುಟ್ಟಬಾರದೆಂಬ ಷರತ್ತಿನ ಮೇಲೆ, ಕಾವಲುಗಾರನ ಕಣ್ಗಾವಲಿನಲ್ಲಿ ಕೋಟೆ ನೋಡಿದರು. ದೌಲತಾಬಾದ್ ಆಗ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು. ನಮ್ಮ ಕೊಪ್ಪಳ ಸೀಮೆಯೂ ಆಗ ಅದೇ ಸಂಸ್ಥಾನದಲ್ಲಿತ್ತು. ಆ ಕೋಟೆ ನಮಗೆ ದೂರದ್ದಲ್ಲ.

ಸಾತಾರಾದ ಶಾಲೆ, ಬಡೋದೆಯ ಪಾರ್ಸಿಗಳು, ದೌಲತಾಬಾದಿನ ಹೊಂಡ ಒಟ್ಟಿಗಿಟ್ಟು ನೋಡಿದರೆ ಜಾತಿ ಒಂದೇ ಮತದ ಗೋಡೆಯೊಳಗೆ ಉಳಿದಿರಲಿಲ್ಲ ಎಂಬುದು ತಿಳಿಯುತ್ತದೆ. ಮರುವರ್ಷ, 1935ರಲ್ಲಿ, ಯೇವಲೆಯಲ್ಲಿ ಹಿಂದೂವಾಗಿ ಸಾಯುವುದಿಲ್ಲ ಎಂದು ಘೋಷಿಸಿದ ಮೇಲೂ ಅವರು ಇಪ್ಪತ್ತು ವರ್ಷಕ್ಕಿಂತ ಹೆಚ್ಚು ಕಾಲ ಓದಿ ತೂಗಿ ನೋಡಿದ್ದು ಇದಕ್ಕೇ. ಹೆಸರು ಬದಲಿಸಿದರೆ ಸಾಲದು, ಮನುಷ್ಯ ಮನುಷ್ಯನನ್ನು ನೋಡುವ ಕಣ್ಣು ಬದಲಾಗಬೇಕಿತ್ತು.

ಆ ಹುಡುಕಾಟದ ಬೀಜವೂ ಒಂದು ಪುಸ್ತಕವೇ. ಅವರು ಇನ್ನೂ ವಿದ್ಯಾರ್ಥಿಯಾಗಿದ್ದಾಗ, ಪರೀಕ್ಷೆ ಪಾಸಾದ ಸಂತೋಷಕ್ಕೆ ನಮ್ಮ ಜನ ಸಭೆ ಮಾಡಿದರು. ಕೃಷ್ಣಾಜಿ ಅರ್ಜುನ ಕೇಳೂಸ್ಕರ್ ಎಂಬ ಮರಾಠಿ ಲೇಖಕರು ತಾವು ಬರೆದ ಬುದ್ಧನ ಚರಿತ್ರೆಯನ್ನು ಹುಡುಗನ ಕೈಗಿಟ್ಟರು. ಆ ಕಾಣಿಕೆ ಬಹಳ ವರ್ಷ ಒಳಗೊಳಗೇ ಬೇರು ಬಿಟ್ಟು, 1956ರ ಅಕ್ಟೋಬರ್ 14ರಂದು ನಾಗಪುರದಲ್ಲಿ ಲಕ್ಷಾಂತರ ಜನರ ದೀಕ್ಷೆಯಾಗಿ ಹೊರಬಂತು. ಅದೇ ವರ್ಷ ಡಿಸೆಂಬರ್ 6ರಂದು ಬಾಬಾಸಾಹೇಬರು ಪರಿನಿಬ್ಬಾಣ ಹೊಂದಿದರು. ‘ಬುದ್ಧ ಮತ್ತು ಅವನ ಧಮ್ಮ’ ಅಚ್ಚಾಗಿ ಬಂದದ್ದು ಅವರು ಹೋದ ಮೇಲೆ, 1957ರಲ್ಲಿ. ಮಗುವಿಗೆ ಕೊಟ್ಟ ಒಂದು ಪುಸ್ತಕ ಏನು ಮಾಡಬಲ್ಲದು ಎಂಬುದಕ್ಕೆ ನಾವೇ ಸಾಕ್ಷಿ.

*ಯಾರ ಕೈ ಬರೆಯುತ್ತದೆ?*

ಬಾಬಾಸಾಹೇಬರು ಬದುಕಿದ್ದಾಗ ಅವರ ಚಿತ್ರ ಬರೆದ ಕೈಗಳು ಹೆಚ್ಚಾಗಿ ನಮ್ಮವಲ್ಲ. 1949ರಲ್ಲಿ ಶಂಕರ್ ಬರೆದ ವ್ಯಂಗ್ಯಚಿತ್ರದಲ್ಲಿ ಸಂವಿಧಾನ ಒಂದು ಬಸವನಹುಳು. ಅದರ ಮೇಲೆ ಬಾಬಾಸಾಹೇಬರು, ಹಿಂದೆ ಚಾಟಿ ಎತ್ತಿದ ನೆಹರೂ. ಆ ಚಿತ್ರ ಹನ್ನೊಂದನೇ ತರಗತಿಯ ಪಠ್ಯಪುಸ್ತಕದಲ್ಲಿದ್ದದ್ದಕ್ಕೆ 2012ರಲ್ಲಿ ಸಂಸತ್ತಿನಲ್ಲಿ ಗದ್ದಲವಾಯಿತು. ಉನ್ನಮತಿ ಶ್ಯಾಮಸುಂದರ್ ಅವರು 1932ರಿಂದ 1956ರವರೆಗಿನ ಇಂಗ್ಲಿಷ್ ಪತ್ರಿಕೆಗಳ ಇಂಥ ನೂರಕ್ಕೂ ಹೆಚ್ಚು ಚಿತ್ರಗಳನ್ನು ಕೂಡಿಸಿ, ವಿವರಿಸಿ, 2019ರಲ್ಲಿ ‘ನೋ ಲಾಫಿಂಗ್ ಮ್ಯಾಟರ್’ ಎಂಬ ಪುಸ್ತಕ ತಂದರು. ಕಾಲೇಜು ಓದುವ ನಮ್ಮ ಹುಡುಗರು ಅದನ್ನು ನೋಡಲೇಬೇಕು. ನಗು ಯಾವಾಗಲೂ ಮುಗ್ಧವಲ್ಲ ಎಂಬುದು ಅಲ್ಲಿ ಪುಟಪುಟಕ್ಕೂ ಕಾಣುತ್ತದೆ.

ಕಾರ್ಕಳದ ಅನಂತ ಪೈ ಅವರು 1967ರಲ್ಲಿ ಆರಂಭಿಸಿದ ಅಮರ ಚಿತ್ರಕಥೆಯಲ್ಲಿ ದೇವರು, ರಾಜರ ಕಥೆಗಳು ಮೊದಲು ಬಂದವು. ಬಾಬಾಸಾಹೇಬರ ಕಥೆ ಬಂದದ್ದು 1979ರಲ್ಲಿ. ಚಿಕ್ಕ ಮಕ್ಕಳಿಗೆ ಅದೂ ಇರಲಿ. ಆದರೆ ಜೊತೆಗೆ ‘ಭೀಮಾಯಣ’ ಇರಲಿ. ಜೋತಿಬಾ ಫುಲೆಯವರ ‘ಗುಲಾಮಗಿರಿ’ಯನ್ನು ಚಿತ್ರದಲ್ಲಿ ಹೇಳುವ ‘ಎ ಗಾರ್ಡನರ್ ಇನ್ ದ ವೇಸ್ಟ್‌ಲ್ಯಾಂಡ್’ ಕೂಡ ಇರಲಿ. ಜಪಾನಿನ ಒಸಾಮು ತೆಜುಕಾ ಬರೆದ ‘ಬುದ್ಧ’ ದೊಡ್ಡ ಮಕ್ಕಳಿಗೆ. ಅದರಲ್ಲಿ ಕಟ್ಟುಕಥೆಯ ಪಾತ್ರಗಳು ಬಹಳ, ತಿಪಿಟಕದ ಬದಲಿಗೆ ಓದಬಾರದು. ಆದರೆ ಕಥೆ ತೆರೆದುಕೊಳ್ಳುವಾಗಲೇ ಗುಲಾಮ ಹುಡುಗ ಮತ್ತು ಹೊಲೆಮಾರಿನ ಹುಡುಗರನ್ನು ಮುಂದೆ ತಂದದ್ದು ಆ ಕಲಾವಿದನ ದೊಡ್ಡ ಗುಣ.

‘ಭೀಮಾಯಣ’ದಲ್ಲಿ ಹಳೆಯ ಕಥೆಯ ಮಧ್ಯೆ ಇತ್ತೀಚಿನ ಪತ್ರಿಕೆಗಳ ಸುದ್ದಿಗಳನ್ನೂ ಸೇರಿಸಿದ್ದಾರೆ. ನಮ್ಮ ಜಿಲ್ಲೆಯ ಪುಟ ಬರೆದರೆ ಯಾವ ಸುದ್ದಿ ಸೇರಿಸಬೇಕು? ಗಂಗಾವತಿ ತಾಲೂಕಿನ ಮರಕುಂಬಿಯಲ್ಲಿ 2014ರಲ್ಲಿ ನಮ್ಮವರ ಗುಡಿಸಲುಗಳಿಗೆ ಬೆಂಕಿ ಬಿತ್ತು. ಹೋಟೆಲು, ಕ್ಷೌರದಂಗಡಿಗಳಲ್ಲಿ ಪ್ರವೇಶವಿಲ್ಲ ಎಂಬುದು ಅದರ ಹಿಂದಿದ್ದ ನೋವು. 2024ರ ಅಕ್ಟೋಬರ್‌ನಲ್ಲಿ ಕೊಪ್ಪಳದ ನ್ಯಾಯಾಲಯ 98 ಜನರಿಗೆ ಜೀವಾವಧಿ ಶಿಕ್ಷೆ ಕೊಟ್ಟಿತು, ಪ್ರಕರಣ ಮುಂದೆ ಹೈಕೋರ್ಟಿಗೂ ಹೋಯಿತು. ಕುಷ್ಟಗಿ ತಾಲೂಕಿನ ಮಿಯಾಪುರದಲ್ಲಿ 2021ರಲ್ಲಿ ಒಂದು ಪುಟ್ಟ ಮಗು ಹುಟ್ಟುಹಬ್ಬದ ದಿನ ಗುಡಿಯೊಳಗೆ ಓಡಿತೆಂದು ಶುದ್ಧಿಯ ಖರ್ಚನ್ನು ತಂದೆತಾಯಿಯ ಮೇಲೆ ಹೇರಿದರು. ಸಾತಾರಾದಲ್ಲಿ ಅಕ್ಕ ಹಿಡಿದ ಕತ್ತರಿ, ಮರಕುಂಬಿಯ ಕ್ಷೌರದಂಗಡಿ ಒಂದೇ ಕಥೆಯ ಎರಡು ಪುಟಗಳು.

*ಇಂದಿನ ಅಭ್ಯಾಸ*

ಬರುವ ಭಾನುವಾರ ತ್ರಿಸರಣ ಪಂಚಶೀಲದ ನಂತರ ಮಕ್ಕಳಿಗೆ ಬಿಳಿ ಹಾಳೆ ಕೊಡಿ. ಮನೆಯ ಹಿರಿಯರಿಂದ ನೀರಿನದೋ, ಶಾಲೆಯದೋ, ಬಸ್ಸಿನದೋ ಒಂದು ಅನುಭವ ಕೇಳಿಸಿ, ಚಿತ್ರ ಬರೆಸಿ. ಚೌಕ ಹಾಕಿಕೊಡಬೇಡಿ. ಚೆಂದ ಬರಲಿಲ್ಲ ಎಂದು ತಿದ್ದಬೇಡಿ. ಅಜ್ಜ ಅಜ್ಜಿ ಹೇಳಲು ಹಿಂಜರಿದರೆ ಒತ್ತಾಯ ಬೇಡ, ಪಕ್ಕದಲ್ಲಿ ಕೂತರೆ ಸಾಕು. ಬರೆಯುವ ಮಗುವಿನಲ್ಲಿ ದ್ವೇಷ ಹುಟ್ಟದಂತೆ ಮೈತ್ರಿಯನ್ನೂ ಹೇಳಿ. ಚೇಳಿನ ಕೊಂಡಿ ಮಾತಿಗೆ ಇರುವುದು, ಮನುಷ್ಯ ಮಾತು ಬದಲಿಸಬಲ್ಲ.

ಗವಿಮಠದ ಬೆಟ್ಟದಲ್ಲೂ ಪಾಲ್ಕಿಗುಂಡಿನಲ್ಲೂ ಅಶೋಕ ಕೆತ್ತಿಸಿದ ಬರಹ ಎರಡು ಸಾವಿರ ವರ್ಷ ದಾಟಿ ನಿಂತಿದೆ. ಪ್ರಯತ್ನದ ಫಲ ದೊಡ್ಡವರಿಗೆ ಮಾತ್ರವಲ್ಲ, ಸಣ್ಣವರಿಗೂ ದಕ್ಕುತ್ತದೆ ಎಂಬುದು ಅದರ ತಾತ್ಪರ್ಯ. ಮಕ್ಕಳು ಬರೆದ ಹಾಳೆಗಳನ್ನು ತೇದಿ, ಊರು ಹಾಕಿ ಜೋಪಾನವಾಗಿ ಕಟ್ಟಿಡಿ.

ಭವತು ಸಬ್ಬ ಮಂಗಲಂ. ಜೈ ಭೀಮ್.