ದಾಸರ ಪದಗಳನ್ನು ಅಚ್ಚುಹಾಕಿಸಿದ ಮೋಗ್ಲಿಂಗ್ ಪಾದ್ರಿಗಳು

ಯಲಹಂಕ, ಹೆಬ್ಬಾಳಗಳ ಸುತ್ತಣ ಹಳ್ಳಿಗಳಲ್ಲಿ ದಾಸರ ಪದಗಳನ್ನು ಕೇಳದೆ ಬೆಳೆದವರು ನಮ್ಮ ಸಭೆಯವರಲ್ಲಿಯೂ ವಿರಳ. ಆದರೆ ಅವುಗಳನ್ನು ಮೊದಲು ಒಟ್ಟುಗೂಡಿಸಿ ಅಚ್ಚಿಗೆ ಕೊಟ್ಟವರು ಕ್ರಿಸ್ತೀಯ ಬೋಧಕರೊಬ್ಬರೆಂಬುದನ್ನು ಬಲ್ಲವರು ಎಷ್ಟು ಮಂದಿ?

ಹೆರ್ಮನ್ ಮೋಗ್ಲಿಂಗರು 1811ನೆಯ ಇಸವಿಯಲ್ಲಿ ಜರ್ಮನಿ ದೇಶದ ಬ್ರಾಕನ್‌ಹೈಮಿನಲ್ಲಿ ಹುಟ್ಟಿದರು. ಟ್ಯೂಬಿಂಗೆನ್ ಪಟ್ಟಣದಲ್ಲಿ ದೇವಜ್ಞಾನಶಾಸ್ತ್ರವನ್ನು ಕಲಿತು, ಬಾಸೆಲ್ ಮಿಶನ್ನಿನವರಿಂದ ಕಳುಹಿಸಲ್ಪಟ್ಟು, 1836ರಲ್ಲಿ ಮಂಗಳೂರಿಗೆ ಬಂದರು. ಅಲ್ಲಿ ದೊರೆಗಳಂತೆ ಬಾಳದೆ ಶಿಷ್ಯರೊಡನೆ ಸರಳವಾಗಿ ಜೀವಿಸಿದರು. 1843ರ ಜುಲೈ 1ರಂದು ಕನ್ನಡದ ಮೊದಲನೆಯ ವರ್ತಮಾನಪತ್ರಿಕೆಯಾದ ಮಂಗಳೂರ ಸಮಾಚಾರವನ್ನು ಹೊರಡಿಸಿದವರು ಇವರೇ. ಅದು ಕಲ್ಲಚ್ಚಿನ ಕೆಲಸ. ಜಿಡ್ಡಿನ ಮಸಿಯ ಬರಹವನ್ನು ಕಲ್ಲಿನ ಮೇಲೆ ಮೂಡಿಸಿ ಕಲ್ಲನ್ನು ನೀರಿನಿಂದ ತೋಯಿಸಿದರೆ, ಒದ್ದೆಯಾದ ಸ್ಥಳವು ಅಚ್ಚಿನ ಮಸಿಯನ್ನು ಹಿಡಿಯದು; ಬರಹವು ಮಾತ್ರವೇ ಹಿಡಿಯುವದು.

ನೀಲಗಿರಿಯಲ್ಲಿದ್ದ ಕ್ಯಾಸಮೇಜರ್ ದೊರೆಗಳ ಧನಸಹಾಯದಿಂದ ಅವರು 1848ರಿಂದ ಹಳೆಯ ಕನ್ನಡ ಗ್ರಂಥಗಳನ್ನು ಸಾಲಾಗಿ ಅಚ್ಚುಹಾಕಿಸತೊಡಗಿದರು. ಜೈಮಿನಿ ಭಾರತ, ಬಸವಪುರಾಣ ಮೊದಲಾದವುಗಳ ಜೊತೆಗೆ 1850ರಲ್ಲಿ 174 ದಾಸರ ಪದಗಳು ಹೊರಬಂದವು. ಪುರಂದರದಾಸರು 1564ರಲ್ಲಿ ತೀರಿಕೊಂಡವರು. ಮುನ್ನೂರು ವರುಷಗಳ ಕಾಲ ಕೊರಳಿನಿಂದ ಕೊರಳಿಗೂ ಓಲೆಯಿಂದ ಓಲೆಗೂ ದಾಟಿ ಬಂದ ಹಾಡುಗಳಿಗೆ ಆಗ ಪುಸ್ತಕದ ನೆಲೆ ದೊರೆಯಿತು. ರಾಗವನ್ನು ಮಾತ್ರ ಯಾವ ಕಲ್ಲೂ ಹಿಡಿಯಲಾರದು. ಅದು ಹಾಡುವವನ ಬಳಿಯಲ್ಲಿಯೇ ಉಳಿಯಿತು.

ಕರ್ತನ ಸುವಾರ್ತೆಯನ್ನು ಸಾರಬಂದವರು ವಿಠಲನ ಅಂಕಿತವುಳ್ಳ ಹಾಡುಗಳನ್ನು ಏಕೆ ಅಚ್ಚುಹಾಕಿಸಬೇಕು? ಸಭೆಯ ಕೆಲವರಿಗೆ ಇದು ಇಂದಿಗೂ ಎಡರಾಗಿ ತೋರುವದು. ವಿಗ್ರಹಾರಾಧನೆಯನ್ನು ಬಿಟ್ಟುಬಂದ ನಮ್ಮ ಹಿರಿಯರ ಕಷ್ಟವನ್ನು ನಾವು ಹಗುರವಾಗಿ ಎಣಿಸುವದಿಲ್ಲ. ಆದರೂ ಮೋಗ್ಲಿಂಗರು ತಪ್ಪಿದರೆಂದು ನಮಗೆ ತೋರದು. ಒಬ್ಬನ ಮನಸ್ಸಿನ ಬಾಗಿಲನ್ನು ತಟ್ಟುವವನು ಆ ಮನೆಯ ಮಾತನ್ನು ಅರಿಯಬೇಡವೇ? ಪಶ್ಚಾತ್ತಾಪ, ಸಂಸಾರದ ಅಸ್ಥಿರತೆ, ಹೊರಗಣ ಆಚಾರದ ಹುಸಿತನ ಇವನ್ನೆಲ್ಲ ಹೇಳುವದಕ್ಕೆ ತಕ್ಕ ಕನ್ನಡವು ಆ ಪದಗಳಲ್ಲಿ ಸಿದ್ಧವಾಗಿತ್ತು.

1853ರಲ್ಲಿ ಅವರು ಕೊಡಗಿಗೆ ಹೋಗಿ ಸೇವೆಮಾಡಿದರು. 1858ರಲ್ಲಿ ಟ್ಯೂಬಿಂಗೆನ್ ವಿಶ್ವವಿದ್ಯಾನಿಲಯವು ಅವರಿಗೆ ಡಾಕ್ಟರ್ ಪದವಿಯನ್ನು ಕೊಟ್ಟಿತು. 1860ರಲ್ಲಿ ಸ್ವದೇಶಕ್ಕೆ ಹಿಂದಿರುಗಿದ ಬಳಿಕ ಕನ್ನಡ ಸೀಮೆಯನ್ನು ಪುನಃ ಕಾಣಲಿಲ್ಲ. ಆದರೂ ದಾಸರ ಹಾಡುಗಳನ್ನು ಕೈಬಿಡದೆ, ಕೆಲವನ್ನು ಜರ್ಮನ್ ಭಾಷೆಗೆ ತಿರುಗಿಸಿ ಅಲ್ಲಿಯ ಪಂಡಿತರ ಪತ್ರಿಕೆಯಲ್ಲಿ ಪ್ರಕಟಿಸಿದರು. 1881ರ ಮೇ ತಿಂಗಳಲ್ಲಿ ಎಸ್‌ಲಿಂಗೆನ್ ಪಟ್ಟಣದಲ್ಲಿ ಕರ್ತನಲ್ಲಿ ನಿದ್ರೆಹೋದರು.