ನಾಜಿ ವೇಷ ತೊಟ್ಟ ನಾಜಿ ವಿರೋಧಿ

ಕಾನ್ರಾಡ್ ಫೈಟ್‌ನನ್ನು ಮೊದಲ ನೋಟದಲ್ಲಿ ನಾನು ದ್ವೇಷಿಸಿದ್ದೆ. ಕಾಲೇಜಿನ ದಿನಗಳಲ್ಲಿ ಫಿಲ್ಮ್ ಸೊಸೈಟಿಯೊಂದರ ಪ್ರದರ್ಶನದಲ್ಲಿ ‘ಕಾಸಾಬ್ಲಾಂಕಾ’ (1942) ನೋಡುತ್ತಿದ್ದೆ. ಮೇಜರ್ ಸ್ಟ್ರಾಸರ್ ಎಂಬ ನಾಜಿ ಅಧಿಕಾರಿ ಕೊನೆಯಲ್ಲಿ ಗುಂಡೇಟಿಗೆ ಉರುಳಿದಾಗ ಸಭಾಂಗಣದಲ್ಲಿ ಚಪ್ಪಾಳೆ ಎದ್ದಿತು. ಅದರಲ್ಲಿ ನನ್ನದೂ ಸೇರಿತ್ತು. ಆ ಪಾತ್ರ ಮಾಡಿದವನು ನಾಜಿಗಳನ್ನು ಧಿಕ್ಕರಿಸಿ ತಾಯ್ನಾಡು ತೊರೆದ ಜರ್ಮನ್ ನಟನೆಂದು ತಿಳಿದದ್ದು ಎಷ್ಟೋ ವರ್ಷಗಳ ಬಳಿಕ. ಅಂದಿನಿಂದ ಆ ಚಪ್ಪಾಳೆಯ ನೆನಪು ನನಗೆ ತುಸು ಮುಜುಗರ ತರುತ್ತದೆ.

1893ರ ಜನವರಿ 22ರಂದು ಬರ್ಲಿನ್‌ನಲ್ಲಿ ಹುಟ್ಟಿದ ಫೈಟ್ ಮೂಲತಃ ರಂಗಭೂಮಿಯ ಕೂಸು. ಮ್ಯಾಕ್ಸ್ ರೈನ್‌ಹಾರ್ಟ್ ನಡೆಸುತ್ತಿದ್ದ ಹೆಸರಾಂತ ಡಾಯ್ಚಸ್ ಥಿಯೇಟರ್‌ನಲ್ಲಿ ಸಣ್ಣಪುಟ್ಟ ಪಾತ್ರಗಳಿಂದ ಆರಂಭಿಸಿದ. ಅಷ್ಟರಲ್ಲಿ ಮೊದಲ ಮಹಾಯುದ್ಧ ಬಂತು. ಪೂರ್ವ ರಣರಂಗಕ್ಕೆ ಹೋದವನು ಕಾಮಾಲೆ, ನ್ಯುಮೋನಿಯಾಗಳಿಂದ ಹಾಸಿಗೆ ಹಿಡಿದ. ಬಳಿಕ ಸೈನಿಕರ ಮುಂದೆ ನಾಟಕವಾಡುವ ತಂಡ ಸೇರಿ, 1917ರಲ್ಲಿ ಸೇನೆಯಿಂದ ಬಿಡುಗಡೆ ಪಡೆದು ಬರ್ಲಿನ್‌ಗೆ ಮರಳಿದ.

1919ರಲ್ಲಿ ಆತ ಒಪ್ಪಿಕೊಂಡ ಒಂದು ಪಾತ್ರ ಇಂದಿಗೂ ನನ್ನನ್ನು ಬೆರಗುಗೊಳಿಸುತ್ತದೆ. ಸಲಿಂಗಕಾಮವನ್ನು ಅಪರಾಧವೆನ್ನುತ್ತಿದ್ದ ಜರ್ಮನ್ ಕಾಯ್ದೆಯ ವಿರುದ್ಧ ವೈದ್ಯ ಮ್ಯಾಗ್ನಸ್ ಹಿರ್ಶ್‌ಫೆಲ್ಡ್ ನೆರವಿನಿಂದ ತೆಗೆದ ‘ಇತರರಂತಲ್ಲದವರು’ ಎಂಬ ಅರ್ಥದ ಹೆಸರಿನ ಚಿತ್ರದಲ್ಲಿ, ಬೆದರಿಕೆಗೆ ಸಿಕ್ಕು ನಾಶವಾಗುವ ಪಿಟೀಲು ವಾದಕ ಅವನೇ. ಮರುವರ್ಷವೇ ಸರ್ಕಾರ ಅದರ ಸಾರ್ವಜನಿಕ ಪ್ರದರ್ಶನವನ್ನು ತಡೆಯಿತು.

ಆದರೆ 1920ರಲ್ಲಿ ಬಂದ ‘ದಿ ಕ್ಯಾಬಿನೆಟ್ ಆಫ್ ಡಾಕ್ಟರ್ ಕ್ಯಾಲಿಗರಿ’ ಅವನನ್ನು ಜಗತ್ತಿಗೇ ಪರಿಚಯಿಸಿತು. ಶವಪೆಟ್ಟಿಗೆಯಂಥ ಪೆಟ್ಟಿಗೆಯಲ್ಲಿ ನಿಂತೇ ನಿದ್ರಿಸುವ, ಯಜಮಾನನ ಅಪ್ಪಣೆಯಾದೊಡನೆ ಎದ್ದು ಕೊಲೆಗೈಯುವ ಸಿಸಾರೆ ಅವನ ಪಾತ್ರ. ಆ ಕಣ್ಣುಗಳು ನಿಧಾನವಾಗಿ ತೆರೆದುಕೊಳ್ಳುವ ದೃಶ್ಯವನ್ನು ನೋಡಿದವರು ಮರೆಯಲಾರರು. ಅವನನ್ನು ಕುಣಿಸುವ ಕ್ಯಾಲಿಗರಿಯ ಪಾತ್ರದಲ್ಲಿದ್ದವನು ವೆರ್ನರ್ ಕ್ರೌಸ್. ಈ ಹೆಸರನ್ನು ಓದುಗರು ನೆನಪಿಟ್ಟುಕೊಳ್ಳಬೇಕು.

ಹಾಲಿವುಡ್ ಅವನನ್ನು ಕರೆಸಿಕೊಂಡಿತು. ‘ದಿ ಮ್ಯಾನ್ ಹೂ ಲಾಫ್ಸ್’ (1928) ಚಿತ್ರದಲ್ಲಿ ಬಾಯಿ ಸೀಳಿ ಶಾಶ್ವತ ನಗೆಯನ್ನು ಹೊತ್ತವನ ಅವನ ಮುಖವೇ ಮುಂದೆ ಬ್ಯಾಟ್‌ಮನ್ ಕಥೆಗಳ ಜೋಕರ್‌ಗೆ ಸ್ಫೂರ್ತಿಯಾಯಿತು. ವಾಕ್ಚಿತ್ರಗಳು ಬಂದವು, ಜರ್ಮನ್ ಉಚ್ಚಾರಣೆ ತೊಡಕಾಯಿತು, 1929ರಲ್ಲಿ ಆತ ಸ್ವದೇಶಕ್ಕೆ ಹಿಂದಿರುಗಿದ.

ನಾಲ್ಕೇ ವರ್ಷಗಳಲ್ಲಿ ಹಿಟ್ಲರ್ ಅಧಿಕಾರಕ್ಕೇರಿದ. ಚಿತ್ರರಂಗದಲ್ಲಿ ದುಡಿಯುವವರು ತಮ್ಮ ಜನಾಂಗ ಯಾವುದೆಂದು ಅರ್ಜಿಯಲ್ಲಿ ಬರೆದುಕೊಡಬೇಕಾಯಿತು. ಫೈಟ್ ಯಹೂದಿಯಲ್ಲ, ಆದರೆ 1933ರಲ್ಲಿ ಅವನು ವರಿಸಿದ ಲಿಲಿ ಯಹೂದಿ ಮನೆತನದವಳು. ಬರ್ಲಿನ್‌ನ ಬಹುಬೇಡಿಕೆಯ ನಟನಾಗಿದ್ದ ಆತ ಹೆಂಡತಿಯನ್ನು ತೊರೆದಿದ್ದರೆ ಸುಖವಾಗಿ ಇರಬಹುದಿತ್ತು. ಅವನ ಜೀವನಚರಿತ್ರೆಕಾರರು ಹೇಳುವಂತೆ, ಆತ ಅರ್ಜಿಯಲ್ಲಿ ತಾನೂ ಯಹೂದಿಯೆಂದೇ ಬರೆದ. ದಂಪತಿ ಇಂಗ್ಲೆಂಡಿಗೆ ಹೊರಟರು.

ಅಲ್ಲಿ 1934ರಲ್ಲಿ, ಲಿಯಾನ್ ಫಾಯ್ಶ್ಟ್‌ವಾಂಗರ್‌ನ ಕಾದಂಬರಿಯನ್ನು ಆಧರಿಸಿ, ಯಹೂದಿಗಳ ಬವಣೆಯನ್ನು ಅನುಕಂಪದಿಂದ ಚಿತ್ರಿಸಿದ ‘ಜ್ಯೂ ಸೂಸ್’ ಚಿತ್ರದ ನಾಯಕನಾದ. ಆರು ವರ್ಷಗಳ ಬಳಿಕ ಅದೇ ಐತಿಹಾಸಿಕ ವ್ಯಕ್ತಿಯನ್ನಿಟ್ಟುಕೊಂಡು, ಅದೇ ಹೆಸರಿನಲ್ಲಿ, ನಾಜಿಗಳು ಯಹೂದಿಗಳ ಮೇಲೆ ವಿಷ ಕಾರುವ ಚಿತ್ರವೊಂದನ್ನು ತೆಗೆದರು. ಅದರಲ್ಲಿ ಹಲವು ಯಹೂದಿ ಪಾತ್ರಗಳನ್ನು ವಿಕಾರವಾಗಿ ಅಭಿನಯಿಸಿ ತೋರಿಸಿದವನು ವೆರ್ನರ್ ಕ್ರೌಸ್! ಕ್ರೌಸ್‌ನ ಪ್ರತಿಭೆ ಫೈಟ್‌ನಿಗಿಂತ ಕಡಿಮೆಯದಲ್ಲ, ಬಹುಶಃ ಹೆಚ್ಚಿನದು. ಪ್ರತಿಭೆಯ ಬಗ್ಗೆ ನನಗಿದ್ದ ಭಕ್ತಿ ಸ್ವಲ್ಪ ಕುಂದಿದ್ದು ಇದನ್ನು ಓದಿದ ಮೇಲೆಯೇ.

1939ರಲ್ಲಿ ಬ್ರಿಟಿಷ್ ಪ್ರಜೆಯಾದ ಫೈಟ್ ತನ್ನ ಗಳಿಕೆಯ ಬಹುಪಾಲನ್ನು ಬ್ರಿಟನ್ನಿನ ಯುದ್ಧ ಪರಿಹಾರಕ್ಕೆ ಕೊಟ್ಟ. ಆ ಕಾಲದ ‘ದಿ ಥೀಫ್ ಆಫ್ ಬಾಗ್ದಾದ್’ (1940) ಚಿತ್ರದಲ್ಲಿ ಮಾಂತ್ರಿಕ ಜಾಫರ್ ಅವನು. ಅವನನ್ನು ಮಣಿಸುವ ಪುಟ್ಟ ಕಳ್ಳ ನಮ್ಮ ಕಾರಾಪುರದ ಮಾವುತನ ಮಗ ಸಾಬು. ಕಬಿನಿ ತೀರದ ಹುಡುಗನೂ ಬರ್ಲಿನ್ನಿನ ವಲಸಿಗನೂ ಒಂದೇ ತೆರೆಯ ಮೇಲೆ ಎದುರಾದದ್ದನ್ನು ಮೈಸೂರು ಸೀಮೆಯವರು ಯಾಕೋ ಹೆಚ್ಚು ನೆನೆಯುವುದಿಲ್ಲ. ಯುದ್ಧದ ಕಾರಣ ಚಿತ್ರೀಕರಣ ಅಮೆರಿಕಕ್ಕೆ ಸಾಗಿತು. ಫೈಟ್ ಅಲ್ಲಿಯೇ ಉಳಿದ.

ಅಲ್ಲಿ ಅವನಿಗಾಗಿ ಕಾದಿದ್ದುದು ನಾಜಿ ಸಮವಸ್ತ್ರ. ಹಾಲಿವುಡ್ಡಿಗೆ ಜರ್ಮನ್ ಉಚ್ಚಾರಣೆಯ ಖಳರು ಬೇಕಾಗಿದ್ದರು. ಹಿಟ್ಲರನಿಂದ ಓಡಿಬಂದ ಕಲಾವಿದರೇ ಅದನ್ನು ಪೂರೈಸಬೇಕಾಯಿತು. ಫೈಟ್ ಆ ಪಾತ್ರಗಳಿಗೆ ಒಂದಿಷ್ಟೂ ಮೃದುತ್ವ ಬೆರೆಸಲಿಲ್ಲ. ಸ್ಟ್ರಾಸರ್‌ನ ತಣ್ಣನೆಯ ಸೌಜನ್ಯದಲ್ಲಿರುವ ಕ್ರೌರ್ಯವನ್ನು ಅವನು ಹತ್ತಿರದಿಂದ ಕಂಡಿದ್ದನಲ್ಲ!

1943ರ ಏಪ್ರಿಲ್ 3ರಂದು ಲಾಸ್ ಏಂಜಲೀಸ್‌ನ ಗಾಲ್ಫ್ ಮೈದಾನವೊಂದರಲ್ಲಿ ಹೃದಯಾಘಾತದಿಂದ ಕುಸಿದು ತೀರಿಕೊಂಡಾಗ ಅವನಿಗೆ ಐವತ್ತು ವರ್ಷ. ಮರುವರ್ಷ ‘ಕಾಸಾಬ್ಲಾಂಕಾ’ ಅತ್ಯುತ್ತಮ ಚಿತ್ರವೆಂದು ಆಸ್ಕರ್ ಪಡೆಯಿತು. ಯುದ್ಧಾನಂತರ ಕೆಲಕಾಲ ನಿಷೇಧಕ್ಕೆ ಒಳಗಾಗಿದ್ದ ಕ್ರೌಸ್‌ನಿಗೆ 1954ರಲ್ಲಿ ಜರ್ಮನ್ ರಂಗಭೂಮಿಯ ಅತ್ಯುನ್ನತ ಗೌರವವಾದ ಇಫ್ಲಾಂಡ್ ಉಂಗುರ ದೊರೆಯಿತು. ಫೈಟ್‌ನ ಚಿತಾಭಸ್ಮ ಲಂಡನ್ನಿನ ಗೋಲ್ಡರ್ಸ್ ಗ್ರೀನ್ ತಲುಪಿದ್ದು 1998ರಲ್ಲಿ.